ಮೇಲಿನ ಮನೆಯವರ ಹುಲ್ಲುಗಾವಲು

ಪುಕ್ಕ ತುಂಬಿದ ಚಳಿಯ ಜಾಕೆಟ್ಟು ಒದ್ದೆಯಾದರೆ ಅದಕ್ಕೆ ನೆಂದ ಕೋಳಿಯ ವಾಸನೆ ಇರುತ್ತದೆ. ಕಳೆದ ವಾರ ದೆಹಲಿಯ ನಮ್ಮ ಪೀತಮ್‌ಪುರದ ಕಟ್ಟಡದ ತಾರಸಿಯಲ್ಲಿ ಯಾರೋ ಅಂಥದ್ದೊಂದನ್ನು ಒಣಹಾಕಿದ್ದರು. ಹಪ್ಪಳ ಹರವಲು ಹೋದವಳು ಮೂಗು ಮುಚ್ಚಿಕೊಂಡೆ. ಮರುಕ್ಷಣವೇ, ಬೆಟ್ಟಕ್ಕೆ ಅಂಥದ್ದನ್ನೇ ತೊಟ್ಟು ಹೋಗುತ್ತಿದ್ದ ಮೇಲಿನ ಮನೆಯವರು ನೆನಪಾದರು...

ಅವರು ಪರ್ವತಾರೋಹಿ. ಹಿಮಾಲಯದ ಎತ್ತರದ ಹುಲ್ಲುಗಾವಲು, ಹಿಮನದಿಗಳ ಸಾಕ್ಷ್ಯಚಿತ್ರ ತೆಗೆಯುತ್ತಿದ್ದರು. ನಮ್ಮ ಕಡೆಯವರೇ, ಒಂಟಿ. ಬೆಟ್ಟದಿಂದ ಇಳಿದು ಬಂದ ದಿನ ನಮ್ಮಲ್ಲೇ ಊಟ. "ದೂರದ ಬೆಟ್ಟ ನುಣ್ಣಗೆ ಅಂತಾರೆ. ನೀವು ಹತ್ತಿರ ಹೋಗಿಯೂ ಬುದ್ಧಿ ಕಲೀಲಿಲ್ಲ" ಎಂದು ರೇಗಿಸುತ್ತಿದ್ದೆ. ನಕ್ಕು ಇನ್ನೊಂದು ಸೌಟು ಸಾರು ಹಾಕಿಸಿಕೊಳ್ಳುತ್ತಿದ್ದರು.

ಅವರಿಗೊಂದು ರೂಢಿ. ಚಿತ್ರದ ಕೊನೆಗೆ, ತಮಗೆ ಅನ್ನವಿಕ್ಕಿದ ಹಳ್ಳಿಯ ಹೆಸರು ಹಾಕಿ ಕೃತಜ್ಞತೆ ಹೇಳುವುದು. ಉಂಡ ಮನೆಯ ಋಣ ಎನ್ನುತ್ತಿದ್ದರು. ಒಂದು ಹುಲ್ಲುಗಾವಲಿನ ಚಿತ್ರದಲ್ಲೂ ಹಾಗೇ ಮಾಡಿದರು. ಹೂ ಬಿಡುವ ಕಾಲದಲ್ಲಿ ಕುರಿಗಾಹಿಗಳು ಅಲ್ಲಿ ಚಪ್ಪಲಿ ಬಿಟ್ಟು, ಸಿಳ್ಳೆ ಕೂಡ ಹಾಕದೆ ನಡೆಯುತ್ತಿದ್ದರಂತೆ. ಕ್ಯಾಮೆರಾ ಹೊತ್ತ ಇವರೂ ಬರಿಗಾಲಲ್ಲೇ ನಡೆದಿದ್ದರು. ನಮ್ಮ ವಸತಿ ಸೊಸೈಟಿಯ ಸಭಾಂಗಣದಲ್ಲಿ ಅದನ್ನು ತೋರಿಸಿದಾಗ ಸದಾ ಗಲಾಟೆಯ ಕಿಟ್ಟಿ ಪಾರ್ಟಿ ಗುಂಪೂ ಸುಮ್ಮನೆ ಕೂತಿತ್ತು.

ಚಿತ್ರ ಫೋನಿನಿಂದ ಫೋನಿಗೆ ಹರಡಿತು. ಕೊನೆಯಲ್ಲಿದ್ದ ಹಳ್ಳಿಯ ಹೆಸರು ಹಿಡಿದು ಮುಂದಿನ ಬೇಸಿಗೆಗೆ ದೆಹಲಿಯೆಲ್ಲ ಅಲ್ಲಿಗೇ ಹೊರಟಂತಾಯಿತು. ನಮ್ಮ ಸೊಸೈಟಿಯವರೂ ಬಸ್ ಮಾಡಿಕೊಂಡು ಹೋದರು, ಕಾಲೇಜಿನಲ್ಲಿದ್ದ ನನ್ನ ಮಗಳೂ ಹೋದಳು. ಮಂಡಿನೋವೆಂದು ನಾನು ಉಳಿದೆ. ಬಂದವಳೇ ಅವರಿಗೆ ವಿಡಿಯೊ ತೋರಿಸಿದಳು. "ಅಂಕಲ್, ಏಕ್‌ದಮ್ ಮಸ್ತ್ ಜಾಗ! ಡಿಜೆ ಭೀ ಥಾ, ಖೂಬ್ ಡಾನ್ಸ್ ಮಾಡಿದ್ವಿ!" ಡೇರೆಗಳ ನಡುವೆ ಹೂವಿನ ನೆಲ ಕೆಸರಾಗಿತ್ತು, ಎಲ್ಲೆಲ್ಲೂ ಪ್ಲಾಸ್ಟಿಕ್ಕು. ಅವರು "ಅಚ್ಛಾ" ಎಂದರು, ಅಷ್ಟೇ. ಫೋನ್ ವಾಪಸು ಕೊಟ್ಟು ಮೆಟ್ಟಿಲು ಹತ್ತಿ ಮನೆಗೆ ಹೋದರು.

ಇಂಟರ್‌ನೆಟ್ಟಿನಿಂದ ಚಿತ್ರವನ್ನು ತೆಗೆಸಿದರು, ನಕಲುಗಳು ಉಳಿದುಕೊಂಡವು. ಹಳ್ಳಿಗೇ ಹೋಗಿ, ಡೇರೆ ಹಾಕಲು ಬಿಡಬೇಡಿ ಎಂದು ಬೇಡಿಕೊಂಡರಂತೆ. ನಿಮ್ಮ ದಯೆಯಿಂದ ನಮ್ಮ ಮಕ್ಕಳಿಗೆ ಊರಲ್ಲೇ ಕೆಲಸ ಸಿಕ್ಕಿದೆ ಎಂದು ಹಳ್ಳಿಯವರು ಹಾರ ಹಾಕಿದರಂತೆ. "ಬೈದಿದ್ರೆ ತಡ್ಕೋತಿದ್ದೆ ಅಕ್ಕಾ, ಹಾರ ಹಾಕಿಬಿಟ್ರು" ಎಂದು ನಮ್ಮ ಅಡುಗೆಮನೆಯ ಬಾಗಿಲಲ್ಲಿ ನಿಂತು ಅತ್ತರು. ಆಮೇಲೆ ಅವರು ಕ್ಯಾಮೆರಾ ಮುಟ್ಟಲಿಲ್ಲ.

ಒಂದು ಸಂಜೆ ಇನ್ನೊಂದು ಹುಲ್ಲುಗಾವಲಿನ ಮಾತು ತೆಗೆದರು. ಅದಕ್ಕಿಂತ ಚೆಂದದ್ದು, ಅದರ ಚಿತ್ರವನ್ನು ಯಾವತ್ತೂ ತೆಗೆದಿರಲಿಲ್ಲವಂತೆ. ಹೆಸರನ್ನೂ ಹೇಳಿದರು. "ನಿಮ್ಮ ಮಂಡಿ ಮೇಲೆ ನನಗೆ ನಂಬಿಕೆ ಇದೆ ಅಕ್ಕಾ" ಎಂದು ನಕ್ಕರು. ಬಹಳ ದಿನಗಳ ಮೇಲೆ ನಕ್ಕಿದ್ದು ಅದು...

ಆ ನವೆಂಬರಿನ ಹೊಗೆಯಲ್ಲಿ ಕೆಮ್ಮು ಹಿಡಿದು ಆಸ್ಪತ್ರೆ ಸೇರಿದವರು ಮರಳಲಿಲ್ಲ. ಗಾಳಿಯೇ ತೆಳುವಾದ ಎತ್ತರಗಳಲ್ಲಿ ಉಸಿರಾಡಿ ಬಂದವರು ಇಲ್ಲಿ, ನಮ್ಮ ನಡುವೆ, ಉಸಿರುಕಟ್ಟಿ ಹೋದರು. ಇವತ್ತಿಗೂ ಸಿಟ್ಟು ಬರುತ್ತದೆ, ಯಾರ ಮೇಲೆಂದು ತಿಳಿಯುವುದಿಲ್ಲ.

ಮಗಳಿಗೆ ಈಗ ಗುರುಗ್ರಾಮದಲ್ಲಿ ಕೆಲಸ. ನಿನ್ನೆ ಊಟಕ್ಕೆ ಕೂತವಳು ಕೇಳಿದಳು: "ಅಮ್ಮಾ, ಆ ಅಂಕಲ್ ನಿಂಗೆ ಇನ್ನೊಂದು ಜಾಗ ಹೇಳಿದ್ರು ಅಂತ ಒಂದ್ಸಲ ನೀನೇ ಅಂದಿದ್ದೆಯಲ್ಲ, ನಾಮ್ ಕ್ಯಾ ಥಾ? ಆಫೀಸ್‌ನವರೆಲ್ಲಾ ಹೋಗೋಣ ಅಂತಿದೀವಿ."

ಹೆಸರು ನಾಲಗೆಯ ತುದಿಯಲ್ಲೇ ಇತ್ತು. "ಮರ್ತೇ ಹೋಯ್ತು ಕಣೇ" ಎಂದೆ.

ಅವಳು ಮಾತು ಬದಲಿಸಿದಳು. ಅವಳ ತಟ್ಟೆಗೆ ಇನ್ನೊಂದು ಸೌಟು ಸಾರು ಹಾಕಿದೆ. ಅವರು ಹೋದ ಮೇಲೆ ಆ ಹೆಸರನ್ನು ನಾನು ಒಮ್ಮೆಯೂ ಬಾಯಿಬಿಟ್ಟು ಹೇಳಿಲ್ಲ. ನಾನು ಅದನ್ನು ಹೇಳಬಹುದಾಗಿದ್ದುದು ಅವರೊಬ್ಬರ ಹತ್ತಿರ ಮಾತ್ರ.