ಅಂಗೈ ಬಿಚ್ಚದ ಸಾಲ್ಕಿನ್

ನಮ್ಮೂರಿನ ಗಂಡಸರು ಬಲು ಧೈರ್ಯವಂತರು. ಒಬ್ಬ ಹುಡುಗಿಯನ್ನು ಹಿಡಿದು ಕಾರಿಗೆ ತುಂಬಲು ನಾಲ್ಕೇ ಜನ ಸಾಕು ಅವರಿಗೆ. ಅಂಚೆ ಹಂಚುತ್ತಿದ್ದ ಸಾಲ್ಕಿನ್‌ಳನ್ನು ಹಾಗೆ ಹೊತ್ತು ತಂದವನು ನನ್ನ ತಮ್ಮನ ಮಗ ಕಾನಿಮೆತ್. ಅವಳಿಗೆ ಆಗ ಇಪ್ಪತ್ತಮೂರು. ಅದುವರೆಗೆ ಅವನ ಜೊತೆ ಅವಳಾಡಿದ್ದು ಒಂದೇ ಮಾತು: "ಇಲ್ಲಿ ಸಹಿ ಹಾಕು."

ತಂದ ಹುಡುಗಿಯ ತಲೆಗೆ ಬಿಳಿ ವಸ್ತ್ರ ಕಟ್ಟಿಬಿಟ್ಟರೆ ಮದುವೆ ಆದಂತೆ. ಅವಳು ಮೂರು ಸಲ ಕಿತ್ತೆಸೆದಳು. ಆಮೇಲೆ ಉಳಿಯುವ ಉಪಾಯ ಒಂದೇ, ಮನೆಯ ಹಿರಿಯಳು ಹೊಸ್ತಿಲಿಗೆ ಅಡ್ಡ ಮಲಗುವುದು. ಮುದುಕಿಯನ್ನು ದಾಟಿದರೆ ಶಾಪ ಎಂದು ಹೆದರಿ ಯಾವ ಹುಡುಗಿಯೂ ದಾಟುವುದಿಲ್ಲ. ನನ್ನ ಕಾಲಕ್ಕೆ ನಾನೂ ದಾಟಿರಲಿಲ್ಲ. ನನ್ನನ್ನು ಹೊತ್ತು ತಂದವನಿಗೆ ನಲವತ್ತೊಂದು ವರ್ಷ ರೊಟ್ಟಿ ಬಡಿದು, ಕೊನೆಗೆ ಅವನನ್ನು ಮಣ್ಣು ಮಾಡಿದೆ. ಅಷ್ಟು ಅನುಭವಸ್ಥೆ ಎಂದು ಮಲಗುವ ಕೆಲಸ ನನಗೇ ಬಂತು. ಮಲಗಿದೆ, ಉಣ್ಣೆಮೂಟೆಯ ಹಾಗೆ.

"ಅಜ್ಜಿ, ಏಳಿ. ನಿಮ್ಮ ಮಗಳ ಕಾಗದ ಓದಿ ಹೇಳೋಳು ನಾನೇ ಅಲ್ವಾ?" ಅಂದಳು.

"ದಾಟಿದ್ರೆ ನಿನ್ನ ಹೊಟ್ಟೇಲಿ ಹುಳಾನೂ ಹುಟ್ಟಲ್ಲ ನೋಡು" ಅಂದೆ.

"ಹುಳ ಹೆರೋ ಆಸೆ ನಂಗಿಲ್ಲ" ಅಂದವಳೇ ದಾಟಿಬಿಟ್ಟಳು.

ಅಂಗಳದಲ್ಲಿ ಕಾನಿಮೆತ್ ಬೆನ್ನಟ್ಟಿ ಹಿಡಿದ. ಮದುವೆಯ ಕುರಿಗೆಂದು ಮಸೆದಿಟ್ಟ ಚಾಕು ಅವನ ಕೈಯಲ್ಲಿತ್ತು. ಕುತ್ತಿಗೆಗೆ ಒಮ್ಮೆ, ತಡೆದ ಬಲಗೈಗೆ ಒಮ್ಮೆ.

ಊರು ಏನಂದಿತು ಗೊತ್ತೇ? "ಮುದುಕಿಯನ್ನ ದಾಟಿದಳಲ್ಲ, ಶಾಪ ತಟ್ಟಿತು." ಶಾಪವಂತೆ! ಶಾಪಕ್ಕೆ ಚಾಕು ಮಸೆದುಕೊಟ್ಟವರು ಯಾರು ಎಂದು ಒಬ್ಬನೂ ಕೇಳಲಿಲ್ಲ. ನನ್ನ ನಾಲಿಗೆಗೆ ಇಷ್ಟು ಶಕ್ತಿ ಇದೆಯಲ್ಲ ಎಂದು ನಾನೂ ಎರಡು ತಿಂಗಳು ಬೀಗಿಕೊಂಡಿದ್ದೆ. ಪೆದ್ದಿ.

ಅವಳು ಸಾಯಲಿಲ್ಲ. ಆದರೆ ಆಸ್ಪತ್ರೆಯಿಂದ ಬಂದಾಗ ಗಂಟಲಿನಲ್ಲಿ ಹರಿದ ತಗಡಿನ ಸದ್ದು. ಬಲಗೈಯ ಮೂರು ಬೆರಳು ಮಡಚುತ್ತಿರಲಿಲ್ಲ. ಅಂಚೆ ಕೆಲಸವೂ ಹೋಯಿತು. ಎರಡು ಚಳಿಗಾಲ ಅವಳು ಗುಡ್ಡದ ಮೇಲೆ ಅಪ್ಪನ ಹೆಣ್ಣುಕುದುರೆಗಳನ್ನು ಕಾದಳು. ಪಕ್ಕದ ಹುಲ್ಲುಗಾವಲು ನಮ್ಮದೇ, ಎಲ್ಲ ಕಾಣುತ್ತಿತ್ತು. ಮೊದಮೊದಲು ಅವಳು ಕೂಗಿದರೆ ಕುದುರೆಗಳು ಬೆದರಿ ಓಡುತ್ತಿದ್ದವು. ದಿನವೂ ಕೂಗಿದಳು. ಎಡಗೈಯಲ್ಲಿ ಜೀನು ಬಿಗಿಯಲು ಕಲಿತಳು. ಎರಡನೆಯ ವಸಂತದಲ್ಲಿ ಆ ಒಡಕು ದನಿಗೇ ಕುದುರೆಗಳು ಇಳಿದು ಬಂದವು. ಊರಿನವರಿಗಿಂತ ಅವಕ್ಕೆ ಬೇಗ ಬುದ್ಧಿ ಬಂತು.

ಅಷ್ಟರಲ್ಲಿ ಜೈಲಿನಿಂದ ಕಾನಿಮೆತ್‌ನ ಬಿಡುಗಡೆ. ನಡತೆ ಚೆನ್ನಾಗಿತ್ತಂತೆ. ಅಲ್ಲಿ ಹೊತ್ತು ತರಲು ಹುಡುಗಿಯರಿರಲಿಲ್ಲ, ಚೆನ್ನಾಗಿರದೆ ಏನು! ಬಂದ ವಾರಕ್ಕೇ ಔಷಧಿ ಅಂಗಡಿಯ ನಾಜಿಕ್‌ಳ ಹಿಂದೆ ಅವನ ಕಾರು ತಿರುಗತೊಡಗಿತು. ಊರ ಹಿರಿಯ ದುಯ್ಶೆಂಬಿ ರಾಜಿ ಊಟ ಇಟ್ಟ. ನಮ್ಮಲ್ಲಿ ಹಿರಿಯ ಹರಸುವಾಗ ಎಲ್ಲರೂ ಅಂಗೈ ಬಿಚ್ಚಿ ಹಿಡಿಯಬೇಕು, ಕೊನೆಗೆ "ಓಮಿನ್" ಎಂದು ಮುಖ ಸವರಿಕೊಳ್ಳಬೇಕು. ಸವರಿದರೆ ಜಗಳ ಮುಗಿಯಿತು, ಮತ್ತೆ ಎತ್ತುವಂತಿಲ್ಲ. ತಪ್ಪು ಮಾಡಿದವನು ಹಾಲು ಕುಡಿದ ಮಗುವಿನಷ್ಟು ಶುದ್ಧ.

ಸಾಲ್ಕಿನ್‌ಳ ತಾಯಿ ಬೇಡಿಕೊಂಡಿದ್ದಳು. "ಮಗಳೇ, ಕೈ ಎತ್ತಿಬಿಡು. ನಾವು ಇದೇ ಊರಲ್ಲಿ ಬಾಳ್ಬೇಕು."

ಊಟಕ್ಕೆ ಅವಳು ಬಂದಳು. ದುಯ್ಶೆಂಬಿ ಹರಸಲು ಶುರುಮಾಡಿದ. ಐವತ್ತು ಜೊತೆ ಅಂಗೈ ಮೇಲೆ. ನನ್ನದೂ. ಅವಳದು ಮಾತ್ರ ತೊಡೆಯ ಮೇಲೆ, ಬಲಗೈ ಮಗುಚಿ, ಎಡಗೈ ಮುಷ್ಟಿ.

"ಕೈ ಎತ್ತು, ತಾಯಿ" ಅಂದ.

"ಎತ್ತಲ್ಲ." ಎದ್ದು ನಿಂತು ತಲೆವಸ್ತ್ರ ಸರಿಸಿ ಕುತ್ತಿಗೆ ತೋರಿಸಿದಳು. "ಇದು ಶಾಪ ಅಲ್ಲ, ಕಾನಿಮೆತ್ ಕೊಯ್ದಿದ್ದು. ಕಾರು ಓಡಿಸಿದ್ದು ನಿಮ್ಮ ಮಗ. ಬಾಗಿಲಿಗೆ ಅಡ್ಡ ಬಿದ್ದಿದ್ದು ಆ ಅಜ್ಜಿ. ಇವತ್ತು ನೀವು ಮುಖ ಸವರ್ಕೊಂಡ್ರೆ ನಾಳೆ ಅದೇ ಕಾರಲ್ಲಿ ನಾಜಿಕ್ ಇರ್ತಾಳೆ."

"ಈ ಗಂಟಲಲ್ಲಿ ಭಾಷಣ ಬೇರೆ!" ಅಂತ ಯಾವನೋ ನಕ್ಕ.

"ಕಿವಿ ಚುಚ್ಚುತ್ತಾ? ಚುಚ್ಚಲಿ" ಅಂದಳು.

ದುಯ್ಶೆಂಬಿ ನನ್ನ ಕಡೆ ತಿರುಗಿದ. "ಸುಳ್ಳು ಅಂತ ಹೇಳಮ್ಮ."

ನನ್ನ ತಮ್ಮ ಅಲ್ಲೇ ಕೂತಿದ್ದ. ನಾನು ಇರುವುದು ಅವನ ಮನೆಯಲ್ಲೇ.

"ನಿಜ" ಅಂದೆ. "ಮಲಗಿದ್ದು ನಾನು. ಕೊಯ್ದಿದ್ದು ಅವನು, ನನ್ನ ಕಣ್ಣೆದುರೇ." ಕೈ ಇಳಿಸಿದೆ.

ನಾಜಿಕ್‌ಳ ತಾಯಿಯೂ ಇಳಿಸಿದಳು. ಆಮೇಲೆ ಹೆಂಗಸರ ಸಾಲಿನಲ್ಲಿ ಒಬ್ಬೊಬ್ಬಳೇ. ದುಯ್ಶೆಂಬಿ ಮಾತ್ರ ಮುಖ ಸವರಲೂ ಆಗದೆ, ಇಳಿಸಲೂ ಆಗದೆ, ಬೊಗಸೆ ಹಿಡಿದು ಹಿಟ್ಟಿಗೆ ಕಾದವನ ಹಾಗೆ ಕೂತಿದ್ದ.

ಅವಮಾನದಿಂದ ಗಂಡಸರು ಊಟ ಬಿಟ್ಟೆದ್ದರು ಅಂದುಕೊಂಡಿರಾ? ಇಲ್ಲ, ಮೂಳೆ ಚೀಪಿಯೇ ಎದ್ದರು. ಆದರೆ ಹರಸುವುದು ಮುಗಿಯಲಿಲ್ಲ, ರಾಜಿಯೂ ಆಗಲಿಲ್ಲ. ತಮ್ಮ ನನ್ನ ಗಂಟು ಬೀದಿಗೆಸೆದ. ಸಾಲ್ಕಿನ್‌ಳ ತಾಯಿ ಒಂದು ಮೂಲೆ ಕೊಟ್ಟಿದ್ದಾಳೆ. ಸಾಲ್ಕಿನ್ ಈಗ ಕುದುರೆಯೇರಿ ಆಚೆ ಊರುಗಳಿಗೂ ಹೋಗಿ ಇದನ್ನೇ ಹೇಳುತ್ತಾಳೆ. ನಾಜಿಕ್ ಔಷಧಿ ಅಂಗಡಿಗೆ ಒಬ್ಬಳೇ ನಡೆದು ಹೋಗುತ್ತಾಳೆ.