ಬಾಣಂತಿಯ ಸಬ್ಬಸಿಗೆ ಸೊಪ್ಪು

ಮಕ್ಕಳೇ, ಎದುರು ಕೂತು ಹೇಳಲು ನನಗೆ ಬಾಯಿ ಬರುವುದಿಲ್ಲ, ಅದಕ್ಕೆ ಬರೆದಿಡುತ್ತಿದ್ದೇನೆ. ಇದು ನನ್ನ ಮಗಳ ವಿಷಯ. ನಿಮ್ಮಲ್ಲಿ ಇಬ್ಬರಿಗೆ ಅವಳು ಅತ್ತೆ, ಚಿಕ್ಕವಳಿಗೆ ಅಮ್ಮ. ಸಂಜೆಯಾದರೆ ಅವಳು ಎಡಗಾಲನ್ನು ದಿಂಬಿನ ಮೇಲಿಟ್ಟುಕೊಂಡು ಕೂರುವುದನ್ನು ನೀವೆಲ್ಲ ನೋಡಿದ್ದೀರಿ. ಯಾಕೆಂದು ನೀವು ಕೇಳಿದಾಗಲೆಲ್ಲ ನಾನು ಅಡುಗೆಮನೆಗೆ ಎದ್ದು ಹೋಗಿದ್ದೇನೆ.

ಮದುವೆಯಾಗಿ ಶಿವಮೊಗ್ಗದ ಸವಳಂಗ ರಸ್ತೆಯ ಮನೆ ಸೇರಿದ ಮೇಲೆ ಅವಳು ಎರಡು ಸಲ ಬಸಿರಾದಳು. ಎರಡೂ ಸಲ ಇಳಿದುಹೋಯಿತು. ಎರಡನೆಯದರ ನಂತರ ಎಡಗಾಲು ಬಾಳೆದಿಂಡಿನ ಹಾಗೆ ಊದಿಕೊಂಡಿತು. ಕಾಲಿನ ನಾಳದಲ್ಲಿ ರಕ್ತ ಗಟ್ಟಿಯಾಗಿ ಕೂತಿದೆ ಎಂದರು ಆಸ್ಪತ್ರೆಯಲ್ಲಿ. ರಕ್ತ ತೆಗೆದು ಪರೀಕ್ಷೆಗೆ ಕಳಿಸಿ, ಮೂರು ತಿಂಗಳು ಬಿಟ್ಟು ಇನ್ನೊಮ್ಮೆ ತೆಗೆದು, ಆಮೇಲೆ ಡಾಕ್ಟರಮ್ಮ ನಮ್ಮಿಬ್ಬರನ್ನೂ ಕೂರಿಸಿಕೊಂಡು ಹೇಳಿದರು. ರೋಗಾಣು ಬಂದರೆ ಹಿಡಿಯಲೆಂದು ನಮ್ಮ ಮೈಯಲ್ಲಿ ಪ್ರತಿಕಾಯಗಳು ಹುಟ್ಟುತ್ತವಂತೆ. ಮಗಳ ಮೈಯಲ್ಲಿ ಹುಟ್ಟಿದ ಕೆಲವು ಪ್ರತಿಕಾಯಗಳು ಅವಳದೇ ಮೈಯ ಭಾಗಗಳನ್ನು ಹಿಡಿಯುತ್ತಿದ್ದವು. ಅವುಗಳ ದೆಸೆಯಿಂದ ಗಾಯವೇ ಇಲ್ಲದ ಕಡೆಯೂ ರಕ್ತ ಗಟ್ಟಿಯಾಗುತ್ತದೆ. ಕೂಸಿಗೆ ರಕ್ತ ಹಾಯುವ ಮಾಸಿನಲ್ಲೂ ಅವುಗಳ ಕಾಟವೇ ಇದ್ದಿರಬೇಕು ಎಂದರು.

ನನಗೆ ಆಗ ನಿಮ್ಮ ಅಜ್ಜ ನೆನಪಾದರು. ಭದ್ರಾವತಿಯ ಕಾರ್ಖಾನೆಯಲ್ಲಿ ಅಷ್ಟು ವರ್ಷ ದುಡಿದವರನ್ನು ಒಂದು ಬೆಳಿಗ್ಗೆ ಗೇಟಿನ ಹೊಸ ವಾಚ್‌ಮನ್ ಹೊರಗಿನವರೆಂದು ತಡೆದು ನಿಲ್ಲಿಸಿದ್ದ. ಮನೆಗೆ ಬಂದು ಊಟಕ್ಕೆ ಕೂತಾಗ ಅದನ್ನು ಹೇಳಿ ನಕ್ಕಿದ್ದರು. ಗೇಟಿನವನಿಗಾದರೆ ಪಾಸು ತೋರಿಸಬಹುದು. ಮೈಯೊಳಗಿನ ಈ ಕಾವಲಿಗೆ ಏನು ತೋರಿಸುವುದು?

ಇದು ನನ್ನ ಕಡೆಯಿಂದ ಬಂತೇ ಎಂದು ಕೇಳಬೇಕೆನಿಸಿತು, ಕೇಳಲಿಲ್ಲ. ಮಗಳೇ ಕೇಳಿದಳು, ಯಾಕೆ ಹೀಗಾಗುತ್ತದೆ ಎಂದು.

"ಅದು ನಮಗೂ ಪೂರ್ತಿ ಗೊತ್ತಿಲ್ಲಮ್ಮ," ಎಂದರು ಡಾಕ್ಟರಮ್ಮ.

ಮೂರನೆಯ ಬಸಿರಿನಲ್ಲಿ, ರಕ್ತ ಗಟ್ಟಿಯಾಗದಿರಲೆಂದು, ಅವಳು ದಿನವೂ ತನ್ನ ಹೊಟ್ಟೆಗೆ ತಾನೇ ಸೂಜಿ ಚುಚ್ಚಿಕೊಂಡಳು. ನಾನು ನೋಡಲಾರದೆ ಗೋಡೆ ಕಡೆ ತಿರುಗಿ ಕೂರುತ್ತಿದ್ದೆ. ಹೆಣ್ಣುಮಗು ಆಯಿತು. ಬಾಣಂತನಕ್ಕೆ ಭದ್ರಾವತಿಗೆ ಕರೆತಂದೆ. ಅಷ್ಟರಲ್ಲಿ ಸೂಜಿ ನಿಲ್ಲಿಸಿ ರಕ್ತ ತೆಳುವಾಗಿಸುವ ಮಾತ್ರೆಗೆ ಬದಲಾಯಿಸಿದ್ದರು. ರಕ್ತ ಎಷ್ಟು ತೆಳುವಾಗಿದೆ ಎಂಬ ಅಂಕಿಯನ್ನು ಆಗಾಗ ಪರೀಕ್ಷೆ ಮಾಡಿಸಿ ನೋಡಬೇಕು. ಊಟದಲ್ಲಿ ಸೊಪ್ಪನ್ನು ಒಮ್ಮೆಗೇ ಹೆಚ್ಚಿಸಬೇಡಿ, ಮಾತ್ರೆಯ ಬಲ ಕುಗ್ಗುತ್ತದೆ ಎಂದೂ ಹೇಳಿ ಕಳಿಸಿದ್ದರು.

ನಾನು ನನ್ನ ತಾಯಿ ನನಗೆ ಮಾಡಿದ ಹಾಗೆಯೇ ಮಾಡಿದೆ. ಎದೆಹಾಲು ಬರಲೆಂದು ದಿನವೂ ಸಬ್ಬಸಿಗೆ ಸೊಪ್ಪು. ಒಂದು ದಿನ ಬೆಳ್ಳುಳ್ಳಿ ಹಾಕಿ ಪಲ್ಯ, ಇನ್ನೊಂದು ದಿನ ಬೇಳೆ ಹಾಕಿ ಸಾರು. ನಡುನಡುವೆ ನುಗ್ಗೆಸೊಪ್ಪು. ಸೊಪ್ಪು ಮಾರುವವಳು, "ಏನಮ್ಮಾ, ದಿನಾ ನಾಲ್ಕ್ ಕಟ್ಟು! ಒಳಗೆ ಬಾಣಂತಿ ಇದಾಳೋ, ಹಸು ಕಟ್ಟಿದೀಯೋ?" ಎಂದು ನಗಾಡುತ್ತಿದ್ದಳು.

ಮಗಳು ಒಂದು ದಿನ ತಟ್ಟೆ ನೋಡಿ ಹೇಳಿದಳು, "ಅಮ್ಮ, ಸೊಪ್ಪು ಜಾಸ್ತಿ ಬೇಡ ಅಂದಿದಾರೆ ಅವ್ರು."

"ಅದು ಊಟದ ಸೊಪ್ಪಿಗೆ ಹೇಳಿದ್ದು ಕಣೆ. ಇದು ಬಾಣಂತಿಗೆ ಮದ್ದು."

ಅವಳು ತಿಂದಳು. ಸಮಾಧಾನಕ್ಕೆಂದು ನಾನು ಹಾಗೆ ಹೇಳಿದ್ದಲ್ಲ. ಹಾಗೆಂದೇ ನಂಬಿದ್ದೆ.

ಕೂಸಿಗೆ ತಿಂಗಳು ತುಂಬುವ ಹೊತ್ತಿಗೆ, ಒಂದು ಮಧ್ಯಾಹ್ನ ಹಾಲೂಡಿಸುತ್ತಿದ್ದವಳು ಕೂಸನ್ನು ನನ್ನ ಕೈಗಿಟ್ಟು ಉಸಿರು ಸಿಗುತ್ತಿಲ್ಲ ಎಂದಳು. ಆಂಬುಲೆನ್ಸಿನಲ್ಲಿ ಶಿವಮೊಗ್ಗಕ್ಕೆ ಹೋದೆವು. ಕಾಲಿನಲ್ಲಿ ಗಟ್ಟಿಯಾಗಿದ್ದ ರಕ್ತದ ತುಂಡು ಶ್ವಾಸಕೋಶಕ್ಕೆ ಹೋಗಿತ್ತು. ಅಂಕಿ ತೀರ ಕೆಳಗಿಳಿದಿತ್ತು. ಉಳಿಯುತ್ತಾಳೆ ಎಂದು ಎರಡು ದಿನ ಯಾರೂ ಬಾಯಿಬಿಟ್ಟು ಹೇಳಲಿಲ್ಲ.

ಮೂರನೆಯ ಬೆಳಿಗ್ಗೆ ಡಾಕ್ಟರಮ್ಮ ಮಂಚದ ಪಕ್ಕ ನಿಂತು ಮಾತ್ರೆ ತಪ್ಪಿತ್ತೇ ಎಂದು ಕೇಳಿದರು. ಇಲ್ಲವೆಂದು ಮಗಳು ತಲೆಯಾಡಿಸಿದಳು. ಊಟದಲ್ಲಿ ಏನಾದರೂ ಬದಲಾಗಿತ್ತೇ ಎಂದು ಕೇಳಿದರು. ಮಗಳು ಆಮ್ಲಜನಕದ ಮಾಸ್ಕು ಸರಿಸಿ, ಒಮ್ಮೆ ನನ್ನ ಕಡೆ ನೋಡಿ, "ಏನೂ ಇಲ್ಲ," ಎಂದಳು.

ನಾನು ಬಾಗಿಲ ಬಳಿ ಕೂಸನ್ನು ಸೆರಗಿನಲ್ಲಿ ಸುತ್ತಿಕೊಂಡು ನಿಂತಿದ್ದೆ. ಹಳ್ಳಿ ಶಾಲೆಯಲ್ಲಿ ಉತ್ತರ ಗೊತ್ತಿದ್ದೂ ಕೈ ಎತ್ತದೆ ಕೂತವಳು ನಾನು. ಅಂದೂ ಹಾಗೇ ನಿಂತೆ.

ಮಾತ್ರೆ ಸಾಲುತ್ತಿಲ್ಲ, ಹೆಚ್ಚಿಸಬೇಕು ಎಂದು ಅವರು ನರ್ಸಿಗೆ ಹೇಳಿ ಚೀಟಿಯಲ್ಲಿ ಬರೆದರು. ಆಸ್ಪತ್ರೆಯ ಊಟದಲ್ಲಿ ಸೊಪ್ಪಿರಲಿಲ್ಲ. ಸೊಪ್ಪು ನಿಂತು ಮಾತ್ರೆಯೂ ಹೆಚ್ಚಾದರೆ, ರಕ್ತ ನೀರಾಗಿ ಮೈಯೊಳಗೆ ಎಲ್ಲಾದರೂ ಒಸರಿದರೆ? ವರಾಂಡದಲ್ಲಿ ಅವರ ಹಿಂದೆ ಓಡಿದೆ.

"ಸೊಪ್ಪು ಹಾಕಿದ್ದೆ ಮೇಡಂ. ದಿನಾ. ನಾನೇ."

ಅವರು ಬೈಯಲಿಲ್ಲ. ಯಾವ ಸೊಪ್ಪು, ಎಷ್ಟು, ಎಷ್ಟು ದಿನ ಎಂದು ಕೇಳಿ, ಬರೆದದ್ದನ್ನು ಹೊಡೆದುಹಾಕಿದರು. ಸೊಪ್ಪಿನಿಂದಲೇ ಹೀಗಾಯಿತೇ ಎಂದು ಕೇಳಿದೆ.

"ಅಂಕಿ ಇಳಿದದ್ದು ಸೊಪ್ಪಿಂದ ಇರ್ಬಹುದು. ಆದ್ರೆ ಆ ಪ್ರತಿಕಾಯ ಮೈಯಲ್ಲಿರೋವರೆಗೂ ಅಪಾಯ ಇದ್ದೇ ಇರುತ್ತೆ, ಬಾಣಂತಿಗೆ ಇನ್ನೂ ಹೆಚ್ಚು. ಇಷ್ಟು ನಿಮ್ಮಿಂದ, ಇಷ್ಟು ಅದರಿಂದ ಅಂತ ನಾನು ಹೇಳೋಕಾಗಲ್ಲ."

ಆ ಉತ್ತರವನ್ನು ಎಲ್ಲಿಡಬೇಕೆಂದು ನನಗೆ ಇಂದಿಗೂ ತಿಳಿದಿಲ್ಲ.

ಹನ್ನೊಂದನೆಯ ದಿನ ಅವಳು ಮನೆಗೆ ಬಂದಳು. ಸೊಪ್ಪು ಪೂರ್ತಿ ಬಿಡುವುದೂ ಬೇಡ, ದಿನವೂ ಒಂದೇ ಅಳತೆ ಇರಲಿ ಎಂದಿದ್ದರು. ಅವಳ ಮನೆಗೆ ಹೋದಾಗ ನಾನು ಒಂದು ಹಿಡಿ ಸೊಪ್ಪು ಬಿಡಿಸುತ್ತೇನೆ, ಮುಷ್ಟಿಯಿಂದ ಹೊರಗುಳಿದದ್ದನ್ನು ತೆಗೆದಿಡುತ್ತೇನೆ. ನನ್ನ ಕೈಲಾಗುವುದು ಅಷ್ಟೇ. ಪ್ರತಿಕಾಯಗಳು ಹೋಗಿಲ್ಲ. ಪರೀಕ್ಷೆ ಮಾಡಿಸಿದಾಗಲೆಲ್ಲ ಇವೆ ಎಂದೇ ಬರುತ್ತದೆ.

ಅಂದು ಏನೂ ಇಲ್ಲ ಎಂದು ಅವಳು ಯಾಕೆ ಹೇಳಿದಳೆಂದು ನಾನು ಕೇಳಿಲ್ಲ. ನೀವೂ ಕೇಳಬೇಡಿ.