ಚಂದವ್ವನ ಮುಖಕ್ಕೆ ಇನ್ನೊಬ್ಬರ ದನಿ

ಚಂದವ್ವ ಹರೆಯದಲ್ಲಿ ವಿಜಯಪುರದ ಕಡೆಯ ನಾಟಕ ಕಂಪನಿಯೊಂದರ ನಾಯಕಿ. ಕಂಪನಿ ಮುಚ್ಚಿದ ಮೇಲೆ ಹಮಾಲಿ ಮಾಡುವ ಗಂಡನ ಜೊತೆ ಠಾಣೆ ನಗರದ ಹತ್ತಿರದ ಶಹಾಡ್‌ಗೆ ಬಂದರು. ಆಮೇಲೆ ಠಾಣೆಯ ಸೀರಿಯಲ್ ಸೆಟ್ಟುಗಳಲ್ಲಿ ಗುಂಪಿನ ಪಾತ್ರಗಳು. ಹೆಣದ ಪಕ್ಕ ಅಳುವ ಹೆಂಗಸು, ತರಕಾರಿ ಕೊಳ್ಳುವ ಹೆಂಗಸು, ಮದುವೆಯಲ್ಲಿ ಹಿಂದೆ ನಿಂತು ಚಪ್ಪಾಳೆ ತಟ್ಟುವ ಹೆಂಗಸು. ಅರ್ಧ ಆಯುಷ್ಯ ಕ್ಯಾಮೆರಾ ಮುಂದೆ ಸವೆದರೂ ಒಬ್ಬನೂ ಅವರಿಂದ ಒಂದು ಮಾತು ಆಡಿಸಲಿಲ್ಲ. ಬಡವರು ಪರದೆಯ ಮೇಲೆ ಅಳಬಹುದು, ಮಾತಾಡಬಾರದು. ಯಾರು ಮಾಡಿದ ಕಾನೂನು ಇದು?

ಕಳೆದ ವರ್ಷ ಡೊಂಬಿವಲಿಯ ಕೀರ್ತನ್ ಎಂಬ ಯುವಕ ಕನ್ನಡ ಸಿನಿಮಾ ಮಾಡಲು ಹೊರಟ. ತಾನೇ ಇಟ್ಟಿಗೆ ಹೊತ್ತು ಕಟ್ಟಿದ ಟವರಿನ ಲಿಫ್ಟ್ ಹತ್ತಲು ಬಿಡದ ವಸತಿ ಸೊಸೈಟಿಯ ಸೆಕ್ರೆಟರಿಯನ್ನು ಎದುರಿಸುವ ಹೆಂಗಸು ಅದರ ನಾಯಕಿ. ಪಾತ್ರ ಚಂದವ್ವನಿಗೆ ಸಿಕ್ಕಿತು. ಘಣಸೋಲಿಯಲ್ಲಿ ಶೂಟಿಂಗೂ ಮುಗಿಯಿತು. ಆಗ ನಿರ್ಮಾಪಕ, ಉಡುಪಿ ಮೂಲದ ಹೋಟೆಲ್ ಮಾಲೀಕ ಮೋಹನದಾಸರ ಕನ್ನಡಪ್ರೇಮ ಎದ್ದು ಕೂತಿತು.

"ಆ ವಿಜಯಪುರದ ಭಾಷೆ ಕೇಳಿದ್ರೆ ನಮ್ಮವರು ನಗಾಡ್ತಾರೆ ಮಾರಾಯ. ಒಳ್ಳೆ ಕನ್ನಡ ಬರುವವರ ಹತ್ರ ಡಬ್ಬಿಂಗ್ ಮಾಡಿಸು."

ರಾಜ್ಯೋತ್ಸವದ ವೇದಿಕೆಯಲ್ಲಿ ಕನ್ನಡ ಉಳಿಸಿ ಎಂದು ಗಂಟಲು ಹರಿದುಕೊಳ್ಳುವವರೂ ಇವರೇ!

ಕೀರ್ತನ್ ತಲೆ ತಗ್ಗಿಸಿ ಶಹಾಡ್‌ಗೆ ಹೋದ. "ಮೌಶಿ, ಅಂಕಲ್ ಮಾನ್ತೇ ಹೀ ನಹೀ, ಒಪ್ಪೋದೇ ಇಲ್ಲ. ಆವಾಜ್ ಚೇಂಜ್ ಮಾಡ್ಬೇಕು."

"ನನ್ನ ಮಾರಿ ಬೇಕು, ದನಿ ಬ್ಯಾಡೇನಪಾ? ಹಂಗಾದ್ರ ಇದೂ ಹೆಣದ ಮುಂದ ಅತ್ತಂಗ ಆತು," ಎಂದರು ಚಂದವ್ವ.

ಮಹಾಪೆಯ ಸ್ಟುಡಿಯೋಗೆ ಡಬ್ಬಿಂಗ್ ಕಲಾವಿದೆ ನಿಕಿತಾ ಬಂದರು. ಬೆಂಗಳೂರಿನ ನಯವಾದ ಕನ್ನಡ. ಎಷ್ಟು ಸಲ ಹೇಳಿದರೂ ಮಾತು ಪರದೆಯ ಮೇಲಿನ ಚಂದವ್ವನ ತುಟಿಗೆ ಕೂರಲಿಲ್ಲ.

"ಸರ್, ಸ್ಕ್ರಿಪ್ಟ್‌ನಲ್ಲಿರೋದನ್ನ ಇವ್ರು ಹೇಳೇ ಇಲ್ವಲ್ಲ!"

ಚಂದವ್ವನನ್ನು ಕರೆಸಿ ಕೇಳಿದರು. ಅವರು ನಕ್ಕುಬಿಟ್ಟರು.

"ಕಂಪನ್ಯಾಗ ಬರದದ್ದನ್ನ ಬರದಂಗ ಯಾರ್ ಅಂತಿದ್ರು? ಎದುರಿದ್ದವರ ಮಾರಿ ನೋಡಿ ಮಾತು ಕಟ್ಟೂದು. ಎದುರಿಗೆ ಸೆಕ್ರೆಟರಿ ನಿಂತಿದ್ದ, ಜಾಡಿಸಿಬಿಟ್ಟೆ."

ಶೂಟಿಂಗಿನ ದಿನ ಕೀರ್ತನ್‌ಗೆ ಇದು ಗೊತ್ತೇ ಆಗಿರಲಿಲ್ಲ. ಡೊಂಬಿವಲಿಯಲ್ಲೇ ಹುಟ್ಟಿ ಬೆಳೆದವನಿಗೆ ಆ ಕನ್ನಡ ಅರ್ಧ ಮಾತ್ರ ಅರ್ಥವಾಗುತ್ತಿತ್ತು. ಸುತ್ತಲಿದ್ದ ಕೂಲಿ ಹೆಂಗಸರು ಚಪ್ಪಾಳೆ ಹೊಡೆದದ್ದಕ್ಕೆ ಓಕೆ ಎಂದಿದ್ದ.

ನಿಕಿತಾ ಹೆಡ್‌ಫೋನ್ ತೆಗೆದಿಟ್ಟರು. "ಅವ್ರು ಅಂದಿದ್ದನ್ನೇ ಅನ್ಬೇಕಂದ್ರೆ ಅವ್ರೇ ಬೇಕು ಸರ್. ನನ್ನ ಬಾಯಲ್ಲಿ ಈ ಸಿಟ್ಟು ಬರಲ್ಲ."

ಸುದ್ದಿ ಕೇಳಿ ಸ್ಟುಡಿಯೋಗೆ ಬಂದ ಮೋಹನದಾಸರು ಶೂಟಿಂಗಿನ ಧ್ವನಿಯಲ್ಲೇ ದೃಶ್ಯ ಹಾಕಿಸಿ ನೋಡಿದರು. "ನಾ ಹೊತ್ತ ಇಟ್ಟಂಗಿ ಮ್ಯಾಲ ನೀ ಮಲಗ್ತಿ, ನಾ ಲಿಫ್ಟ್‌ನ್ಯಾಗ ನಿಂತ್ರ ಮೈಲಿಗಿ ಏನೋ?" ಎಂಬಲ್ಲಿ ಅವರು ಕುರ್ಚಿಯಲ್ಲಿ ಸರಿದು ಕೂತರು. ಅವರೂ ತಮ್ಮ ಸೊಸೈಟಿಯ ಸೆಕ್ರೆಟರಿಯೇ.

"ಇರ್ಲಿ ಮಾರಾಯ. ಅವರದ್ದೇ ಇರ್ಲಿ."

ಡೊಂಬಿವಲಿಯಲ್ಲಿ ಸಿನಿಮಾ ತೋರಿಸಿದ ಸಂಜೆ ಕರಾವಳಿಯವರೂ ನಕ್ಕರು, ಚಂದವ್ವನ ಮಾತಿಗಲ್ಲ, ಸೆಕ್ರೆಟರಿಯನ್ನು ನೋಡಿ. ಹೊರಬರುವಾಗಲೇ ಇನ್ನೊಬ್ಬ ನಿರ್ದೇಶಕಿ ಚಂದವ್ವನ ಕೈ ಹಿಡಿದು, ಮಾತಿರುವ ಪಾತ್ರ ಇದೆ ಎಂದಳು.

ಚಂದವ್ವನಿಗೆ ಬೇರೆಯದೇ ಚಿಂತೆ.

"ಕೀರ್ತನ್ಯಾ, ಹಿಂದಿನ ಸಾಲಿಗೆ ಕೇಳಿಸ್ತೇನೋ? ಇನ್ನೊಂದೀಟು ಜೋರ್ ಅನಬೇಕಿತ್ತು."